ಮೀಲ್‌ವರ್ಮ್ ಡಬ್ಬದ ಹಳೇ ಬೂಸಾ: ಏನನ್ನು ಉಳಿಸಬೇಕು, ಏನನ್ನು ಹೊರಹಾಕಬೇಕು

ಅಕ್ವೇರಿಯಂ ಮೀನಿಗೆ, ಫಿಂಚ್ ಹಕ್ಕಿಗೆ, ಹಿತ್ತಲ ನಾಟಿಕೋಳಿಗೆ ಅಂತ ಮನೆಯಲ್ಲೇ ಮೀಲ್‌ವರ್ಮ್ (ಬೆಳೆದು ಕಪ್ಪು ದುಂಬಿಯಾಗುವ ಒಂದು ಮರಿಹುಳು) ಸಾಕಲು ಶುರುಮಾಡಿದವರು ಎರಡು ಮೂರು ತಿಂಗಳಾದ ಮೇಲೆ ಕೇಳುವ ಪ್ರಶ್ನೆ ಹೆಚ್ಚುಕಡಿಮೆ ಒಂದೇ: "ಹಾಕಿದ್ದ ಬೂಸಾ ಮರಳಿನ ಹಾಗೆ ಪುಡಿಪುಡಿ ಆಗಿದೆ. ಜರಡಿ ಹಿಡಿದು ಮತ್ತೆ ಹಾಕಬಹುದಾ, ಇಲ್ಲ ಎಲ್ಲಾ ಬಿಸಾಡಬೇಕಾ?"

ಒಂದೇ ಮಾತಿನಲ್ಲಿ ಉತ್ತರ ಹೇಳಲು ಬರುವುದಿಲ್ಲ. ಆ ಬೂಸಾ ಯಾವ ಡಬ್ಬದಿಂದ ಬಂತು ಎನ್ನುವುದರ ಮೇಲೆ ಉತ್ತರ ನಿಂತಿದೆ. ದುಂಬಿಗಳಿದ್ದ ಡಬ್ಬದ ಹಳೇ ಬೂಸಾ ನಿಮ್ಮ ಮುಂದಿನ ಬೆಳೆ, ಅದನ್ನು ಬಿಸಾಡಲೇಬಾರದು. ದೊಡ್ಡ ಹುಳುಗಳಿದ್ದ ಡಬ್ಬದ್ದರಲ್ಲಿ ಉಳಿಸುವಂಥದ್ದು ಸ್ವಲ್ಪವೇ. ರೋಗ ಅಥವಾ ನುಸಿ ಬಂದ ಡಬ್ಬದ್ದನ್ನು ಉಳಿಸುವ ಪ್ರಶ್ನೆಯೇ ಇಲ್ಲ. ಈ ಮೂರನ್ನು ಬೇರೆ ಮಾಡದೆ ಎಲ್ಲವನ್ನೂ ಒಂದೇ ಬಕೆಟ್ಟಿಗೆ ಸುರಿದರೆ, ಬೂಸಾ ಉಳಿಸಲು ಹೋಗಿ ಹುಳುಗಳನ್ನೇ ಕಳೆದುಕೊಳ್ಳುತ್ತೀರಿ.

ಹಾಸಿನೊಳಗೆ ಏನೇನಿರುತ್ತದೆ

ಮೊದಲು ಒಂದೆರಡು ಪದ. ಡಬ್ಬದ ತಳದಲ್ಲಿ ಹುಳುಗಳಿಗೆ ಹಾಸಿಗೆಯಾಗಿ ಹಾಕುವುದನ್ನು ಇಲ್ಲಿ "ಹಾಸು" ಎಂದು ಕರೆಯುತ್ತೇನೆ. ಮೀಲ್‌ವರ್ಮ್‌ಗೆ ಸಾಮಾನ್ಯವಾಗಿ ಹಾಸು ಎಂದರೆ ಗೋಧಿ ಬೂಸಾ. ಅದೇ ಅದರ ಹಾಸಿಗೆ, ಅದೇ ಅದರ ಊಟ. ಹುಳು ಮಾಡುವ ಮಲಕ್ಕೆ "ಹಿಕ್ಕೆ" ಎನ್ನೋಣ, ರೇಷ್ಮೆ ಸಾಕುವವರು ಹೇಳುವ ಹಾಗೆ. ಇಂಗ್ಲಿಷಿನಲ್ಲಿ ಇದನ್ನೇ ಫ್ರಾಸ್ ಎನ್ನುತ್ತಾರೆ. ಹಿಕ್ಕೆ ಒಣಗಿ, ಸಣ್ಣ ಮರಳಿನ ಹಾಗೆ ಕೈಬೆರಳಿನ ಸಂದಿಯಲ್ಲಿ ಜಾರುತ್ತದೆ.

ಮೀಲ್‌ವರ್ಮ್ ಎಂದರೆ ಟೆನೆಬ್ರಿಯೊ ಮೊಲಿಟರ್ ಎಂಬ ಕಪ್ಪು ದುಂಬಿಯ ಮರಿಹುಳು. ಹೆಣ್ಣು ದುಂಬಿ ತನ್ನ ಜೀವಮಾನದಲ್ಲಿ ನೂರಾರು ಮೊಟ್ಟೆ ಇಡುತ್ತದೆ. ಒಂದೊಂದು ಮೊಟ್ಟೆಯೂ 2 ಮಿಲಿಮೀಟರ್‌ಗಿಂತ ಚಿಕ್ಕದು, ಬಿಳಿ, ಮೈಗೆಲ್ಲ ಅಂಟು. ಇಟ್ಟ ಕೂಡಲೇ ಬೂಸಾದ ಪುಡಿ ಅದಕ್ಕೆ ಮೆತ್ತಿಕೊಳ್ಳುವುದರಿಂದ ಎಷ್ಟು ಹುಡುಕಿದರೂ ಕಣ್ಣಿಗೆ ಬೀಳುವುದಿಲ್ಲ. 25ರಿಂದ 28 ಡಿಗ್ರಿ ಸೆಲ್ಸಿಯಸ್ ಇದ್ದರೆ ವಾರ ಹತ್ತು ದಿನದಲ್ಲಿ ಮರಿ ಹೊರಬರುತ್ತದೆ. ಹೊಸ ಮರಿ ಕೂದಲೆಳೆಯಷ್ಟು ತೆಳ್ಳಗೆ, ಬೆಳ್ಳಗೆ ಇರುತ್ತದೆ. ಅದು ಸಾವಿರ ಇದ್ದರೂ ಡಬ್ಬ ಖಾಲಿಯಿದ್ದ ಹಾಗೇ ಕಾಣುತ್ತದೆ.

ಹಾಗಾಗಿ ಹಳೇ ಹಾಸು ಎಂದರೆ ನಾಲ್ಕು ವಸ್ತುಗಳ ಮಿಶ್ರಣ: ತಿನ್ನದೆ ಉಳಿದ ಬೂಸಾ, ಹಿಕ್ಕೆ, ಹುಳು ಕಳಚಿದ ಪೊರೆ, ಮತ್ತು ಕಣ್ಣಿಗೆ ಕಾಣದ ಮೊಟ್ಟೆ ಹಾಗೂ ಮರಿಗಳು. ಒಂದು ಕಿಲೋ ಬೂಸಾ ಉಳಿಸಿದರೆ ಮಿಗುವ ದುಡ್ಡು ಅಷ್ಟಕ್ಕಷ್ಟೇ. ಆದರೆ ಆ ನಾಲ್ಕನೆಯದನ್ನು ಕಳೆದುಕೊಂಡರೆ ಒಂದು ತಲೆಮಾರೇ ಹೋಯಿತು, ಮೂರು ತಿಂಗಳ ಕಾಯುವಿಕೆ ಮತ್ತೆ ಮೊದಲಿನಿಂದ. ಸಾಕಲು ಶುರುಮಾಡಿದ ವರ್ಷ ನಾನು ದುಂಬಿ ಡಬ್ಬದ ಹಾಸನ್ನು ಗುಲಾಬಿ ಕುಂಡಕ್ಕೆ ಹಾಕಿಬಿಟ್ಟಿದ್ದೆ. ಹಾಸಿನ ವಿಚಾರ ಬಂದಾಗ ಮೊಟ್ಟೆಯ ಮಾತನ್ನು ಮೊದಲು ಹೇಳುವುದು ಆ ಕಾರಣಕ್ಕೆ.

ಬೇಕಾಗುವ ಸಾಮಾನು

ಎರಡು ಜರಡಿ (ಉತ್ತರ ಕರ್ನಾಟಕದವರಿಗೆ ಸಾಣಿಗೆ): ಮೈದಾ ಸೋಸುವಂಥ ಸಣ್ಣ ಕಣ್ಣಿನದು ಒಂದು, ರವೆ ಸೋಸುವಂಥದ್ದು ಒಂದು. ಸಣ್ಣ ಜರಡಿಯ ಕಣ್ಣು ಅರ್ಧ ಮಿಲಿಮೀಟರ್ ಸುತ್ತಮುತ್ತ ಇದ್ದರೆ ಹಿಕ್ಕೆ ಕೆಳಗೆ ಬಿದ್ದು ಬೂಸಾದ ಹೊಟ್ಟು ಮೇಲೆ ನಿಲ್ಲುತ್ತದೆ. ಇವೆರಡನ್ನೂ ಅಡುಗೆಮನೆಗೆ ಮತ್ತೆ ತರಬೇಡಿ. ನಯವಾದ ಗೋಡೆಯ ಪ್ಲಾಸ್ಟಿಕ್ ಡಬ್ಬಗಳು ಮೂರು ನಾಲ್ಕು. ಒಂದು ಮೊರ, ಒಂದು ಕಪ್ಪು ಪ್ಲಾಸ್ಟಿಕ್ ಹಾಳೆ, ಒಂದು ಪಾರದರ್ಶಕ ಹಾಳೆ. ಡಬ್ಬದ ಮೇಲೆ ದಿನಾಂಕ ಬರೆಯಲು ಮಾರ್ಕರ್ ಪೆನ್ನು.

ಜೊತೆಗೆ ಮೂಗಿಗೆ ಮಾಸ್ಕ್. ಇದನ್ನು ಹಗುರವಾಗಿ ತೆಗೆದುಕೊಳ್ಳಬೇಡಿ. ಹಿಕ್ಕೆ ಮತ್ತು ಪೊರೆಯ ದೂಳು ಕೆಲವರಲ್ಲಿ ಸೀನು, ಕಣ್ಣುರಿ, ಉಬ್ಬಸ ತರುತ್ತದೆ. ಸಿಗಡಿ ತಿಂದರೆ ಅಥವಾ ಮನೆಯ ದೂಳಿನ ನುಸಿಗೆ ಅಲರ್ಜಿ ಇರುವವರಿಗೆ ಮೀಲ್‌ವರ್ಮ್ ಕೂಡ ಆಗಿಬರದಿರಬಹುದು, ಏಕೆಂದರೆ ಈ ಪ್ರಾಣಿಗಳೆಲ್ಲದರಲ್ಲೂ ಒಂದೇ ಬಗೆಯ ಪ್ರೋಟೀನುಗಳಿವೆ. ಆರಂಭದಲ್ಲಿ ಏನೂ ಆಗದೆ, ವರ್ಷಗಟ್ಟಲೆ ದೂಳು ಕುಡಿದ ಮೇಲೆ ಅಲರ್ಜಿ ಶುರುವಾಗುವುದೂ ಉಂಟು. ಉಬ್ಬಸ ಇರುವವರು ಜರಡಿ ಕೆಲಸವನ್ನು ಬೇರೆಯವರಿಗೆ ಬಿಡಿ.

1. ಡಬ್ಬ ಯಾವುದು ಎಂದು ಮೊದಲು ನೋಡಿ

ದುಂಬಿಗೆ ಒಂದು, ಮರಿಗಳಿಗೆ ಒಂದು, ಬೆಳೆದ ಹುಳುಗಳಿಗೆ ಒಂದು: ಹೀಗೆ ಡಬ್ಬ ಬೇರೆ ಮಾಡಿಲ್ಲದಿದ್ದರೆ ಇವತ್ತೇ ಮಾಡಿ. ಎಲ್ಲವನ್ನೂ ಒಂದೇ ಡಬ್ಬದಲ್ಲಿ ಬಿಟ್ಟರೆ ದುಂಬಿಗಳೂ ದೊಡ್ಡ ಹುಳುಗಳೂ ಸೇರಿ ಮೊಟ್ಟೆಯನ್ನೂ ಮೆತ್ತಗಿನ ಕೋಶಗಳನ್ನೂ ತಿಂದುಹಾಕುತ್ತವೆ (ಕೋಶ ಎಂದರೆ ಹುಳು ದುಂಬಿಯಾಗುವ ಮುನ್ನ ಅಲುಗಾಡದೆ ಮಲಗುವ ಅವಸ್ಥೆ). ಅಂಥ ಡಬ್ಬದ ಹಾಸಿನಲ್ಲಿ ಏನಿದೆ, ಏನಿಲ್ಲ ಎಂದು ಯಾರೂ ಹೇಳಲಾರರು.

ಡಬ್ಬದ ಮೇಲೆ ಎರಡು ದಿನಾಂಕ ಬರೆಯಿರಿ. ಹಾಸು ಹಾಕಿದ ದಿನ ಒಂದು, ದುಂಬಿ ತೆಗೆದ ದಿನ ಇನ್ನೊಂದು. ಮುಂದಿನ ಲೆಕ್ಕವೆಲ್ಲ ಈ ಎರಡರ ಮೇಲೆಯೇ.

2. ಉಳಿಸಬಾರದ್ದನ್ನು ಗುರುತಿಸಿ

ಜರಡಿ ಮುಟ್ಟುವ ಮೊದಲು ಈ ಪರೀಕ್ಷೆಗಳು. ಇವುಗಳಲ್ಲಿ ಒಂದರಲ್ಲಿ ಸೋತರೂ ಆ ಹಾಸು ಮತ್ತೆ ಡಬ್ಬಕ್ಕೆ ಹೋಗಬಾರದು.

ಒಂದು ಹಿಡಿ ತೆಗೆದು ಮುಷ್ಟಿ ಬಿಗಿಯಿರಿ. ಕೈ ಬಿಚ್ಚಿದಾಗ ಪುಡಿ ಉದುರಿ ಬೀಳಬೇಕು. ಉಂಡೆಯಾಗಿ ನಿಂತರೆ ತೇವ ಹೆಚ್ಚಾಗಿದೆ.

ಆಮೇಲೆ ವಾಸನೆ. ಒಳ್ಳೆಯ ಹಾಸಿಗೆ ಹಿಟ್ಟಿನ ಗಿರಣಿಯ ವಾಸನೆ ಇರುತ್ತದೆ. ಮೂಗಿಗೆ ಹೊಡೆಯುವ ಅಮೋನಿಯಾ ವಾಸನೆ ಬಂದರೆ ಹಿಕ್ಕೆ ನೆಂದು ಕೊಳೆಯುತ್ತಿದೆ. ಮುಗ್ಗಲು ವಾಸನೆ ಬಂದರೆ ಬೂಷ್ಟು ಹಿಡಿದಿದೆ. ಬೂಷ್ಟು ಹಿಡಿದ ಬೂಸಾವನ್ನು ಒಲೆಯ ಮೇಲೆ ಹುರಿದು ಸರಿಮಾಡಬಹುದು ಎಂಬ ಸಲಹೆ ಆಗಾಗ ಕೇಳಿಬರುತ್ತದೆ. ಹುರಿದರೆ ಬೂಷ್ಟು ಸಾಯುತ್ತದೆ, ನಿಜ. ಆದರೆ ಕೆಲವು ಬೂಷ್ಟುಗಳು ಬಿಡುವ ಅಫ್ಲಾಟಾಕ್ಸಿನ್ ಎಂಬ ವಿಷ ಮನೆಯ ಒಲೆಯ ಶಾಖಕ್ಕೆ ಬಗ್ಗುವುದಿಲ್ಲ. ಕೋಳಿಗಳಿಗೆ ಆ ವಿಷ ತೀರಾ ಅಪಾಯ.

ನಂತರ ನುಸಿ. ತೆಂಗಿಗೆ, ಮೆಣಸಿನಗಿಡಕ್ಕೆ ಬರುವಂಥ ನುಸಿಗಳ ಬಳಗದಲ್ಲೇ ದವಸಕ್ಕೆ ಬರುವ ಬೇರೆ ಜಾತಿಗಳಿವೆ. ಅರ್ಧ ಮಿಲಿಮೀಟರ್ ಗಾತ್ರ, ದೂಳಿನ ಕಣವೆಂದೇ ಕಾಣುತ್ತವೆ. ಡಬ್ಬದ ಅಂಚಿನಲ್ಲಿ ಕಂದು ಬಣ್ಣದ ಹುಡಿ ಕಟ್ಟಿಕೊಂಡು, ದಿಟ್ಟಿಸಿ ನೋಡಿದರೆ ಅದು ಸರಿದಾಡುವಂತೆ ತೋರಿದರೆ ಅನುಮಾನಪಡಿ. ಖಚಿತಪಡಿಸಿಕೊಳ್ಳಲು ಒಂದು ಚಮಚ ಪುಡಿಯನ್ನು ಕಪ್ಪು ಕಾಗದದ ಮೇಲೆ ಗೋಪುರದ ಹಾಗೆ ರಾಶಿ ಹಾಕಿ, ಗಾಳಿ ತಾಗದ ಕಡೆ ಕಾಲು ಗಂಟೆ ಬಿಡಿ. ನುಸಿಯಿದ್ದರೆ ರಾಶಿ ತಾನೇ ಕುಸಿದು ಚಪ್ಪಟೆಯಾಗುತ್ತದೆ. ಪುಡಿಯನ್ನು ಬೆರಳಲ್ಲಿ ಉಜ್ಜಿದಾಗ ಪುದೀನಾದಂಥ ವಾಸನೆ ಬರುವುದೂ ನುಸಿಯ ಗುರುತೇ.

ಇಲ್ಲಿ ಬಹಳ ಜನ ಗಾಬರಿಯಾಗಿ ಹೊಸ ಮರಿಗಳನ್ನೇ ನುಸಿ ಎಂದುಕೊಂಡು ಬಿಸಾಡುತ್ತಾರೆ. ಗುರುತು ಸುಲಭ: ಮರಿ ಉದ್ದಕ್ಕಿದ್ದು ಹೊರಳಾಡುತ್ತದೆ, ನಯವಾದ ಪ್ಲಾಸ್ಟಿಕ್ ಗೋಡೆ ಹತ್ತಲಾರದು. ನುಸಿ ದುಂಡು ಚುಕ್ಕೆಯಂತಿದ್ದು ಗೋಡೆ ಹತ್ತಿ ಮುಚ್ಚಳದವರೆಗೂ ಹೋಗುತ್ತದೆ.

ಸತ್ತ ಹುಳುಗಳನ್ನೂ ನೋಡಿ. ಅಲ್ಲೊಂದು ಇಲ್ಲೊಂದು ಸತ್ತು ಕಪ್ಪಾಗಿದ್ದರೆ ಅದು ಸಹಜ. ಸತ್ತ ಹುಳು ಗಟ್ಟಿಯಾಗಿ, ಮೇಲೆ ಸುಣ್ಣ ಬಳಿದಂತೆ ಬಿಳಿ ಪುಡಿ ಕಟ್ಟಿದ್ದರೆ ಅದು ಬ್ಯೂವೇರಿಯಾ ಎಂಬ ಶಿಲೀಂಧ್ರ. ರಾಮನಗರ, ಶಿಡ್ಲಘಟ್ಟ ಕಡೆಯ ರೇಷ್ಮೆ ಬೆಳೆಗಾರರಿಗೆ ಇದು ಹೊಸದಲ್ಲ, ಅವರು ಸುಣ್ಣಕಟ್ಟು ರೋಗ ಎಂದು ಕರೆಯುವುದು ಇದನ್ನೇ. ಆ ಡಬ್ಬದ ಹಾಸು, ಹುಳು ಎರಡನ್ನೂ ಸುಟ್ಟುಬಿಡಿ, ಡಬ್ಬವನ್ನು ಬ್ಲೀಚಿಂಗ್ ಪೌಡರ್ ನೀರಿನಲ್ಲಿ ತೊಳೆದು ಬಿಸಿಲಿಗಿಡಿ. ರೇಷ್ಮೆ ಹುಳು ಸಾಕುವ ಮನೆಯಲ್ಲಿ, ಅದೇ ಆವರಣದಲ್ಲಿ, ಮೀಲ್‌ವರ್ಮ್ ಸಾಕಲೇಬೇಡಿ ಎಂದು ನಾನು ಹೇಳುವುದೂ ಇದಕ್ಕೇ. ಒಂದರ ರೋಗ ಇನ್ನೊಂದಕ್ಕೆ ದಾಟಲು ಒಂದು ಹಿಡಿ ದೂಳು ಸಾಕು.

ಕೊನೆಯದು ಇಲಿ. ಡಬ್ಬದಲ್ಲಿ ಅಥವಾ ಬೂಸಾದ ಚೀಲದಲ್ಲಿ ಇಲಿ ಹಿಕ್ಕೆ ಒಂದೇ ಒಂದು ಕಂಡರೂ ಆ ಬೂಸಾ ಪೂರ್ತಿ ಹೊರಕ್ಕೆ. ಹೈಮನೊಲೆಪಿಸ್ ಡಿಮಿನ್ಯೂಟ ಎಂಬ ಇಲಿಯ ಲಾಡಿಹುಳು ತನ್ನ ಅರ್ಧ ಬದುಕನ್ನು ಮೀಲ್‌ವರ್ಮ್ ಥರದ ದುಂಬಿಗಳ ಮೈಯಲ್ಲೇ ಕಳೆಯುತ್ತದೆ. ಇಲಿಯ ಹಿಕ್ಕೆಯಲ್ಲಿರುವ ಲಾಡಿಹುಳುವಿನ ಮೊಟ್ಟೆಯನ್ನು ದುಂಬಿ ತಿನ್ನುತ್ತದೆ, ಆ ದುಂಬಿಯನ್ನು ನುಂಗಿದ ಇಲಿಗೆ, ಅಪರೂಪಕ್ಕೆ ಚಿಕ್ಕ ಮಕ್ಕಳಿಗೆ, ಸೋಂಕು ತಗಲುತ್ತದೆ.

3. ದುಂಬಿ ಡಬ್ಬದ ಹಾಸನ್ನು ಮರಿಮನೆ ಮಾಡಿ

ಇಡೀ ಕೆಲಸದಲ್ಲಿ ಹೆಚ್ಚು ಲಾಭ ಕೊಡುವುದು ಈ ಹಂತ, ಮಾಡಬೇಕಾದ್ದು ಮಾತ್ರ ಬಹಳ ಕಡಿಮೆ.

ಹತ್ತು ದಿನಕ್ಕೊಮ್ಮೆ ರವೆ ಜರಡಿಯಲ್ಲಿ ದುಂಬಿಗಳನ್ನು ಸೋಸಿ ತೆಗೆದು, ಹೊಸ ಬೂಸಾ ಹಾಕಿದ ಹೊಸ ಡಬ್ಬಕ್ಕೆ ಬಿಡಿ. ಜರಡಿಯನ್ನು ಮೆಲ್ಲಗೆ ಆಡಿಸಿ, ಕುಟ್ಟಬೇಡಿ, ಮೊಟ್ಟೆ ಒಡೆಯುತ್ತದೆ. ದೊಡ್ಡ ಹೊಟ್ಟಿನ ತುಂಡು ದುಂಬಿಯ ಜೊತೆ ಜರಡಿಯಲ್ಲೇ ಉಳಿದರೆ, ದುಂಬಿಗಳನ್ನು ಕೈಯಿಂದ ಆರಿಸಿ ಹೊಟ್ಟನ್ನು ಹಳೇ ಡಬ್ಬಕ್ಕೇ ಹಾಕಿ. ಅದರಲ್ಲೂ ಮೊಟ್ಟೆ ಅಂಟಿರುತ್ತದೆ. ಕೆಳಗೆ ಬಿದ್ದ ಹಾಸನ್ನು ಹಾಗೆಯೇ ಇಟ್ಟು, ದಿನಾಂಕ ಬರೆದು, ಕತ್ತಲಿರುವ ಬೆಚ್ಚನೆಯ ಜಾಗದಲ್ಲಿಡಿ. ಇದೇ ಮರಿಮನೆ.

ಮೊದಲ ಎರಡು ವಾರ ಏನೂ ಹಾಕಬೇಡಿ. ಆಮೇಲೆ ವಾರಕ್ಕೆರಡು ಸಲ ತೆಳ್ಳಗಿನ ಕ್ಯಾರೆಟ್ ಬಿಲ್ಲೆ ಒಂದೆರಡು, ಚಿಕ್ಕ ತಟ್ಟೆಯ ಮೇಲೆ ಇಡಿ. ಮರುದಿನ ಉಳಿದದ್ದನ್ನು ತೆಗೆಯಿರಿ. ಸೌತೆಕಾಯಿ, ಕಲ್ಲಂಗಡಿ ಸಿಪ್ಪೆ ಬೇಡ, ನೀರು ಬಿಟ್ಟು ಹಾಸನ್ನು ನೆನೆಸುತ್ತವೆ. ಮೇಲಿನ ಪದರ ಮರಳಾಗುತ್ತಾ ಬಂದರೆ ಒಂದು ಸೆಂಟಿಮೀಟರ್ ಹೊಸ ಬೂಸಾವನ್ನು ಮೇಲೆ ಉದುರಿಸಿ, ಕಲಕಬೇಡಿ.

ಇಲ್ಲಿ ಆಗುವ ತಪ್ಪು ಒಂದೇ, ಆತುರ. ಮೂರನೇ ವಾರಕ್ಕೆ "ಏನೂ ಕಾಣಿಸ್ತಿಲ್ಲ" ಎಂದು ಜರಡಿ ಹಿಡಿದರೆ ಮರಿಗಳೆಲ್ಲ ಹಿಕ್ಕೆಯ ಜೊತೆ ಕೆಳಗೆ ಸೋರಿಹೋಗುತ್ತವೆ. ಆರು ವಾರ ಆಗುವ ತನಕ ಮರಿಮನೆಗೆ ಜರಡಿ ತರಬೇಡಿ. ಡಿಸೆಂಬರ್, ಜನವರಿ ಚಳಿಯಲ್ಲಿ ಎಂಟು ವಾರ ಬಿಡುವುದು ಲೇಸು.

4. ಬೆಳೆದ ಹುಳುಗಳ ಡಬ್ಬವನ್ನು ಜರಡಿ ಹಿಡಿಯಿರಿ

ಹಾಸಿನ ಮುಕ್ಕಾಲು ಪಾಲು ಮರಳಿನಂತಾದಾಗ ಈ ಕೆಲಸ. ಜರಡಿ ಹಿಡಿಯುವ ಹಿಂದಿನ ದಿನ ಕ್ಯಾರೆಟ್ ಹಾಕಬೇಡಿ, ಹಾಸು ಒಣಗಿದ್ದಷ್ಟೂ ಸಲೀಸು. ಮನೆಯೊಳಗೆ ಬೇಡ, ಹೊರಗೆ ಗಾಳಿಗೆ ಬೆನ್ನು ಮಾಡಿ ಕೂತು ಮಾಡಿ.

ಮೊದಲು ರವೆ ಜರಡಿ: ಹುಳು ಮೇಲೆ ನಿಲ್ಲುತ್ತವೆ, ಬೂಸಾ ಮತ್ತು ಹಿಕ್ಕೆ ಕೆಳಗೆ. ಕೆಳಗೆ ಬಿದ್ದದ್ದನ್ನು ಮೈದಾ ಜರಡಿಗೆ ಹಾಕಿ: ಹಿಕ್ಕೆ ಕೆಳಗೆ ಇಳಿಯುತ್ತದೆ, ಮೇಲೆ ನಿಲ್ಲುವುದು ಹೊಟ್ಟು, ಪೊರೆ ಮತ್ತು ಚಿಕ್ಕ ಹುಳುಗಳು. ಇದನ್ನು ಮೊರಕ್ಕೆ ಹಾಕಿ ಮೆಲ್ಲಗೆ ಕೇರಿದರೆ ತೂಕವಿಲ್ಲದ ಪೊರೆ ಹಾರಿಹೋಗುತ್ತದೆ. ಅಕ್ಕಿ ಕೇರಿ ಅಭ್ಯಾಸವಿರುವ ಅಜ್ಜಿಯೋ ಅತ್ತೆಯೋ ಮನೆಯಲ್ಲಿದ್ದರೆ ಅವರ ಕೈಯಲ್ಲಿ ಈ ಕೆಲಸ ಐದು ನಿಮಿಷದ್ದು. ಅವರಿಗೂ ಮಾಸ್ಕ್ ಕೊಡಿ.

ಈಗ ಕೈಯಲ್ಲಿ ಉಳಿದ ಹೊಟ್ಟನ್ನು ನೋಡಿ. ಅಗಲವಾದ, ಹಾಳೆಯಂಥ ಚೂರುಗಳಿದ್ದರೆ ಅದರಲ್ಲಿ ಇನ್ನೂ ಹುರುಳಿದೆ. ಬರೀ ಪುಡಿ, ಮುಟ್ಟಿದರೆ ಹಿಟ್ಟಿನಂತೆ ಆದರೆ ಅದನ್ನು ಹುಳು ಒಮ್ಮೆ ಅರೆದುಹಾಕಿದೆ ಎಂದರ್ಥ, ಗೊಬ್ಬರದ ರಾಶಿಗೆ ಸೇರಿಸಿ. ನಾನು ನೋಡಿದ ಮಟ್ಟಿಗೆ ಚೆನ್ನಾಗಿ ತಿಂದು ಮುಗಿಸಿದ ಡಬ್ಬದಲ್ಲಿ ಉಳಿಸಲು ಸಿಗುವುದು ಹಾಕಿದ ಬೂಸಾದ ಹತ್ತರಲ್ಲಿ ಒಂದು ಪಾಲಿಗಿಂತ ಹೆಚ್ಚಿರುವುದಿಲ್ಲ. ಅರ್ಧಕ್ಕರ್ಧ ಉಳಿದಿದ್ದರೆ ನೀವು ಬೂಸಾ ಹೆಚ್ಚು ಹಾಕುತ್ತಿದ್ದೀರಿ. ಮೂರರಿಂದ ಐದು ಸೆಂಟಿಮೀಟರ್ ಆಳ ಸಾಕು, ಅದಕ್ಕಿಂತ ಆಳವಾದರೆ ತಳದ ತೇವ, ಬಿಸಿ ಹೊರಗೆ ಹೋಗುವುದಿಲ್ಲ.

ತೌಡು (ಅಕ್ಕಿಯ ಬೂಸಾ) ಹಾಸುವವರಿಗೆ ಒಂದು ಮಾತು. ತೌಡಿನಲ್ಲಿ ಎಣ್ಣೆಯ ಅಂಶ ಹೆಚ್ಚು, ಗಿರಣಿಯಿಂದ ಬಂದ ಕೆಲವೇ ದಿನಗಳಲ್ಲಿ ಕನರತೊಡಗುತ್ತದೆ. ಹಳೇ ತೌಡನ್ನು ಉಳಿಸಲು ಹೋಗಲೇಬೇಡಿ. ಅಂಗಡಿಯ ಹಿಂಡಿ ಮಿಶ್ರಿತ ದನದ ಆಹಾರವೂ ಹಾಸಿಗೆ ಆಗದು. ಅದಕ್ಕೆ ಯೂರಿಯಾ, ಖನಿಜ, ಉಪ್ಪು ಸೇರಿಸಿರುವುದುಂಟು. ಬೇಕಿರುವುದು ಬರೀ ಗೋಧಿ ಬೂಸಾ.

5. ಉಳಿಸಿದ ಹೊಟ್ಟನ್ನು ಶುದ್ಧ ಮಾಡಿ

ಬಿಸಿಲು, ಫ್ರೀಜರ್, ಅವನ್: ಮೂರರಲ್ಲಿ ನಿಮಗೆ ಅನುಕೂಲವಾದದ್ದು. ಯಾವುದನ್ನು ಮಾಡಿದರೂ ಒಳಗಿರುವ ಮೊಟ್ಟೆ, ಮರಿ ಸಾಯುತ್ತವೆ ಎನ್ನುವುದು ನೆನಪಿರಲಿ. ಅವು ಬೇಕಿದ್ದರೆ ಈ ಹಂತ ಬಿಟ್ಟು, ಆ ಹೊಟ್ಟನ್ನು ಬೇರೆ ಡಬ್ಬದಲ್ಲಿ ಒಂದು ತಿಂಗಳು ಇಟ್ಟು ನೋಡಿ.

ಬಿಸಿಲು ನಮ್ಮ ನಾಡಿನವರಿಗೆ ಹೇಳಿಕೊಡಬೇಕಾದ್ದಲ್ಲ, ಬೇಳೆಕಾಳು ಒಣಗಿಸುವ ಲೆಕ್ಕವೇ. ಆದರೆ ಬರೀ ಹರಡಿದರೆ ಹುಳುಗಳು ನೆರಳು ಹುಡುಕಿಕೊಂಡು ಓಡಿಹೋಗುತ್ತವೆ. ಕಪ್ಪು ಹಾಳೆಯ ಮೇಲೆ ಒಂದು ಸೆಂಟಿಮೀಟರ್ ದಪ್ಪಕ್ಕೆ ಹರಡಿ, ಮೇಲೆ ಪಾರದರ್ಶಕ ಹಾಳೆ ಹೊದಿಸಿ, ಅಂಚುಗಳಿಗೆ ಇಟ್ಟಿಗೆ ಹೇರಿ. ಒಳಗಿನ ಶಾಖ 50 ಡಿಗ್ರಿ ದಾಟಿ ಕೆಲವು ಗಂಟೆ ನಿಂತರೆ ದವಸದ ಹುಳುಗಳು ಬದುಕುವುದಿಲ್ಲ. ಮಾರ್ಚ್‌ನಿಂದ ಮೇ ತನಕ ಬೆಳಗ್ಗೆ ಹತ್ತರಿಂದ ಮೂರರವರೆಗೆ, ಎರಡು ದಿನ. ನಡುವೆ ಒಮ್ಮೆ ತಿರುವಿಹಾಕಿ. ಒಳಗೆ ಹನಿ ಕಟ್ಟಿದರೆ ಹಾಳೆ ತೆಗೆದು ಅರ್ಧ ಗಂಟೆ ಆರಲು ಬಿಡಿ.

ಫ್ರೀಜರ್‌ನಲ್ಲಿಡುವವರು ಗಾಳಿಯಾಡದ ಚೀಲದಲ್ಲಿ ಹಾಕಿ, ಮೈನಸ್ 18 ಡಿಗ್ರಿಯಲ್ಲಿ ಒಂದು ವಾರ ಇಡಿ. ಹೊರತೆಗೆದ ಮೇಲೆ ಚೀಲವನ್ನು ತಕ್ಷಣ ಬಿಚ್ಚಬೇಡಿ. ತಣ್ಣಗಿನ ಬೂಸಾಕ್ಕೆ ಹೊರಗಿನ ಗಾಳಿ ತಗುಲಿದರೆ ಅದರ ಮೇಲೆ ನೀರು ಕೂರುತ್ತದೆ, ಅಲ್ಲಿಂದ ಬೂಷ್ಟಿಗೆ ದಾರಿ. ಮುಚ್ಚಿದ ಚೀಲ ಕೋಣೆಯ ಶಾಖಕ್ಕೆ ಬರಲು ಅರ್ಧ ದಿನ ಕೊಡಿ. ಫ್ರಿಜ್ಜಿನ ಕೆಳಗಿನ ಖಾನೆ ಮಾತ್ರ ಉಪಯೋಗಕ್ಕಿಲ್ಲ. ಅಲ್ಲಿ ಮೀಲ್‌ವರ್ಮ್ ವಾರಗಟ್ಟಲೆ ನಿದ್ದೆ ಮಾಡುತ್ತದೆಯೇ ಹೊರತು ಸಾಯುವುದಿಲ್ಲ. ನುಸಿಯ ಮೊಟ್ಟೆಗಳಂತೂ ಕೊರೆಯುವ ಚಳಿಯನ್ನೂ ತಾಳುತ್ತವೆ. ಅದಕ್ಕೇ ನುಸಿ ಬಂದ ಹಾಸಿನ ವಿಚಾರದಲ್ಲಿ ಫ್ರೀಜರನ್ನು ನೆಚ್ಚಿಕೊಳ್ಳುವುದು ಬೇಡ ಎಂದು ಎರಡನೇ ಹಂತದಲ್ಲೇ ಅದನ್ನು ಹೊರಗಿಟ್ಟದ್ದು.

ಅವನ್ ಇದ್ದವರು ತಟ್ಟೆಯಲ್ಲಿ ತೆಳ್ಳಗೆ ಹರಡಿ 70 ಡಿಗ್ರಿಯಲ್ಲಿ ಒಂದು ಗಂಟೆ. ಐರೋಪ್ಯ ಒಕ್ಕೂಟ 2021ರಲ್ಲಿ ಕೀಟಗಳ ಹಿಕ್ಕೆಯನ್ನು ಗೊಬ್ಬರವಾಗಿ ಮಾರುವವರಿಗೆ ನಿಗದಿ ಮಾಡಿದ ಶಾಖ, ಹೊತ್ತು ಇದೇ. ಮೈಕ್ರೋವೇವ್ ಬೇಡ, ಒಣ ಬೂಸಾ ನಡುವಿನಲ್ಲಿ ಹೊತ್ತಿಕೊಳ್ಳುತ್ತದೆ. ಬಾಣಲೆಯಲ್ಲಿ ಹುರಿಯುವುದೂ ಬೇಡ, ಪೊರೆ ಸುಟ್ಟ ವಾಸನೆ ಎರಡು ದಿನ ಮನೆ ಬಿಟ್ಟು ಹೋಗುವುದಿಲ್ಲ.

6. ಹೊಸದರ ಜೊತೆ ಬೆರೆಸಿ

ಮೂರು ಪಾಲು ಹೊಸ ಬೂಸಾಕ್ಕೆ ಒಂದು ಪಾಲು ಹಳೆಯದು. ಇದು ನಾನು ಪಾಲಿಸುವ ಮಿತಿ. ಇದಕ್ಕಿಂತ ಹೆಚ್ಚಾದರೆ ಹುಳು ಬದುಕುತ್ತದೆ, ಬೆಳವಣಿಗೆ ನಿಧಾನವಾಗುತ್ತದೆ, ಗಾತ್ರ ಕುಗ್ಗುತ್ತದೆ. ಒಮ್ಮೆ ಬೆರೆಸಿದ ಹಾಸನ್ನು ಎರಡನೇ ಸಲ ಉಳಿಸಬೇಡಿ. ಮೀಲ್‌ವರ್ಮ್ ಕರುಳಿನಲ್ಲಿ ಗ್ರೆಗರೈನ್ ಎಂಬ ಏಕಕೋಶ ಪರಾವಲಂಬಿಗಳಿರುವುದು ಸಾಮಾನ್ಯ. ಅವು ಹರಡುವುದು ಹಿಕ್ಕೆಯ ಮೂಲಕವೇ. ಅದೇ ಹಾಸು ಸುತ್ತಿ ಸುತ್ತಿ ಬಂದರೆ ತಲೆಮಾರಿನಿಂದ ತಲೆಮಾರಿಗೆ ಅವುಗಳ ಹೊರೆ ಏರುತ್ತಾ ಹೋಗುತ್ತದೆ.

ಹಳೆಯದನ್ನು ಬೆಳೆದ ಹುಳುಗಳ ಡಬ್ಬಕ್ಕೆ ಮಾತ್ರ ಬೆರೆಸಿ. ಮೊಟ್ಟೆ ಇಡುವ ದುಂಬಿಗೆ ಯಾವಾಗಲೂ ಪೂರ್ತಿ ಹೊಸ ಬೂಸಾ. ದುಂಬಿಗಳು ಗಾಬರಿಯಾದಾಗ ಕ್ವಿನೋನ್ ಎಂಬ ಘಾಟು ವಸ್ತು ಬಿಡುತ್ತವೆ. ದಟ್ಟಣೆ ಹೆಚ್ಚಿದ ಡಬ್ಬದ ಹಾಸಿನಲ್ಲಿ ಅದರ ಘಾಟು ಸೇರಿಕೊಳ್ಳುತ್ತದೆ. ಇರುವ ಬೂಸಾದಲ್ಲಿ ಅತ್ಯುತ್ತಮವಾದದ್ದು ತಾಯಂದಿರಿಗೆ ಹೋಗಲಿ.

7. ಹಿಕ್ಕೆಯನ್ನು ಗಿಡಕ್ಕೆ ಹಾಕಿ, ನೇರವಾಗಿ ಅಲ್ಲ

ಸೋಸಿದ ಹಿಕ್ಕೆ ಒಳ್ಳೆಯ ಗೊಬ್ಬರ. ಅದರಲ್ಲಿ ಸುಮಾರು ಶೇ. 3 ಸಾರಜನಕ, ಜೊತೆಗೆ ರಂಜಕ, ಪೊಟ್ಯಾಶ್, ಪೊರೆಯಿಂದ ಬಂದ ಕೈಟಿನ್ ಇರುತ್ತವೆ. ಆದರೆ ಅದರಲ್ಲಿ ತಪ್ಪಿಸಿಕೊಂಡ ಮರಿಗಳೂ ಇರುತ್ತವೆ. ಮೀಲ್‌ವರ್ಮ್ ದಾಸ್ತಾನು ಮಾಡಿದ ಹಿಟ್ಟು, ದವಸಕ್ಕೆ ಬೀಳುವ ಕೀಟ ಎನ್ನುವುದನ್ನು ಮರೆಯಬೇಡಿ. ಐದನೇ ಹಂತದ ಶುದ್ಧಿ ಹಿಕ್ಕೆಗೂ ಆಗಲೇಬೇಕು. ಹಿತ್ತಲಲ್ಲಿ ಜೀವಂತ ಹುಳು, ದುಂಬಿ ಚೆಲ್ಲುವುದು ಪಕ್ಕದ ಮನೆಯ ಉಗ್ರಾಣಕ್ಕೆ ಮಾಡುವ ಅನ್ಯಾಯ.

ಹತ್ತಿಂಚಿನ ಕುಂಡಕ್ಕೆ ಎರಡು ಚಮಚ, ತಿಂಗಳಿಗೊಮ್ಮೆ, ಮಣ್ಣಿಗೆ ಬೆರೆಸಿ ನೀರು ಕೊಡಿ. ಮೇಲೆ ಹಾಗೇ ಸುರಿದರೆ ನೆಂದು ಬಿಳಿ ಬೂಷ್ಟು ಕಟ್ಟುತ್ತದೆ. ಎಳೇ ಸಸಿಯ ಬುಡಕ್ಕೆ ಹೆಚ್ಚಾದರೆ ಬೇರು ಸುಡುತ್ತದೆ.

ಊರು, ಋತು ನೋಡಿ ನಡೆಯಿರಿ

ನುಸಿಗೆ ಬೇಕಾದದ್ದು ಆರ್ದ್ರತೆ, ಅಂದರೆ ಗಾಳಿಯಲ್ಲಿನ ತೇವ. ಅದು ಶೇ. 60ಕ್ಕಿಂತ ಕೆಳಗಿದ್ದರೆ ದವಸದ ನುಸಿ ವೃದ್ಧಿಯಾಗಲಾರದು. ಮಂಗಳೂರು, ಉಡುಪಿ, ಕಾರವಾರ, ಮಲೆನಾಡಿನಲ್ಲಿ ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಅಷ್ಟು ಒಣಗಿದ ಗಾಳಿ ಕನಸಿನ ಮಾತು. ಆ ನಾಲ್ಕು ತಿಂಗಳು ಅಲ್ಲಿನವರು ಬೆಳೆದ ಹುಳುಗಳ ಹಾಸನ್ನು ಉಳಿಸಲೇಬೇಡಿ. ಹೊಸ ಬೂಸಾವನ್ನೂ ಸ್ವಲ್ಪ ಸ್ವಲ್ಪವೇ ತಂದು, ಒಣಗಿಸಿ, ಗಾಳಿಯಾಡದ ಡಬ್ಬದಲ್ಲಿಡಿ. ಮರಿಮನೆಗೆ ಕ್ಯಾರೆಟ್ ವಾರಕ್ಕೊಂದೇ ಸಲ ಸಾಕು.

ಕಲಬುರಗಿ, ರಾಯಚೂರಿನ ಬೇಸಿಗೆಯಲ್ಲಿ ಸಮಸ್ಯೆ ತಲೆಕೆಳಗು. ಹಾಸು ತೀರಾ ಒಣಗಿ ಮೊಟ್ಟೆ ಬತ್ತುತ್ತದೆ, ಶಾಖ 35 ಡಿಗ್ರಿ ದಾಟಿದರೆ ಹುಳುಗಳು ಸೊರಗಿ ಸಾಯತೊಡಗುತ್ತವೆ. ಮರಿಮನೆಯನ್ನು ನೆಲದ ಮೇಲೆ, ಗೋಡೆಗೆ ತಾಗಿಸದೆ ಇಡಿ. ಹತ್ತಿರ ಒಂದು ಮಡಕೆ ನೀರಿದ್ದರೆ ಒಳ್ಳೆಯದು. ಹಾಸಿನ ಮೇಲೆ ನೀರು ಚಿಮುಕಿಸಬೇಡಿ.

ಮನೆಮದ್ದಿನ ಅಪಾಯಗಳು

ಕಾಳಿನ ಡಬ್ಬಕ್ಕೆ ಬೇವಿನ ಸೊಪ್ಪು ಹಾಕುವುದು ನಮ್ಮ ಹಿರಿಯರು ಹೇಳಿಕೊಟ್ಟ ಒಳ್ಳೆಯ ಪದ್ಧತಿ. ಹುಳು ಬಾರದಿರಲಿ ಎಂದು ತಾನೇ ಅದು? ಬೇವಿನಲ್ಲಿರುವ ಅಜಾಡಿರಾಕ್ಟಿನ್ ಹುಳು ಪೊರೆ ಕಳಚುವುದನ್ನೇ ತಡೆಯುತ್ತದೆ. ಮೀಲ್‌ವರ್ಮ್ ಡಬ್ಬಕ್ಕಾಗಲಿ, ಉಳಿಸಿಟ್ಟ ಹಾಸಿಗಾಗಲಿ ಬೇವು ಹಾಕಬೇಡಿ. ಬೂದಿ, ಸುಣ್ಣ, ಬೋರಿಕ್ ಪುಡಿಯೂ ಅಷ್ಟೇ. ಇರುವೆ ಬರುತ್ತವೆ ಎಂದು ಕೀಟನಾಶಕ ಸೀಮೆಸುಣ್ಣದ ಗೆರೆ ಎಳೆಯುವವರು ಅದರ ಪುಡಿ ಜರಡಿಗೂ ಮೊರಕ್ಕೂ ಅಂಟಿ ಡಬ್ಬದೊಳಗೆ ಹೋಗುವುದನ್ನು ಗಮನಿಸುವುದಿಲ್ಲ. ಹಿಂದೆ ಹಾಲು ಮೊಸರಿನ ಬೀರುವಿನ ಕಾಲಿಗೆ ನೀರಿನ ಬಟ್ಟಲು ಇಡುತ್ತಿದ್ದ ಹಾಗೆ, ಕಪಾಟಿನ ಕಾಲುಗಳಿಗೆ ನೀರಿನ ಬಟ್ಟಲಿಡಿ, ನೀರಿಗೆ ಒಂದು ಹನಿ ಸೋಪು ಹಾಕಿ. ದವಸದ ಮೂಟೆಗೆ ಹಾಕುವ ಗುಳಿಗೆಯಂತೂ ಮನುಷ್ಯರ ಪ್ರಾಣವನ್ನೇ ತೆಗೆಯುವಂಥದ್ದು, ಮನೆಯೊಳಗೆ ಅದರ ಯೋಚನೆಯೇ ಬೇಡ.

ಬೇರೆ ಹುಳು ಸಾಕುವವರಿಗೆ

ಸೂಪರ್‌ವರ್ಮ್‌ಗೆ (ಮೀಲ್‌ವರ್ಮ್ ಬಳಗದ್ದೇ, ಗಾತ್ರದಲ್ಲಿ ದೊಡ್ಡ ಹುಳು) ಮೇಲಿನ ಹಂತಗಳೇ ಸಾಕು. ಅವಕ್ಕೆ ತರಕಾರಿ ಹೆಚ್ಚು ಬೇಕಾಗುವುದರಿಂದ ಹಾಸು ಬೇಗ ನೆನೆಯುತ್ತದೆ, ಮುಷ್ಟಿ ಪರೀಕ್ಷೆಯನ್ನು ಬಿಗಿಯಾಗಿ ಮಾಡಿ. ಡೂಬಿಯಾ ಜಿರಲೆಗೆ ಹಾಸು ಬೇಕಾಗಿಯೇ ಇಲ್ಲ.

ಜೀರುಂಡೆ ಸಾಕುವವರು ಮಾತ್ರ ಬಹಳ ಎಚ್ಚರದಿಂದಿರಬೇಕು. ಮನೆ ಜೀರುಂಡೆಗೆ ಬರುವ ಡೆನ್ಸೋವೈರಸ್ 2002ರಿಂದ ಯುರೋಪಿನಲ್ಲೂ 2009ರಿಂದ ಉತ್ತರ ಅಮೆರಿಕದಲ್ಲೂ ದೊಡ್ಡ ದೊಡ್ಡ ಸಾಕಣೆಗಳನ್ನೇ ಮುಚ್ಚಿಸಿತು. ಆ ವೈರಸ್ ಒಣಗಿದರೂ ಸಾಯದೆ ಮೊಟ್ಟೆಯ ಟ್ರೇಗಳಲ್ಲಿ, ಹಾಸಿನಲ್ಲಿ ಉಳಿದುಕೊಳ್ಳುತ್ತದೆ. ಜೀರುಂಡೆಗಳು ಕಾರಣ ತಿಳಿಯದೆ ಸಾಲುಸಾಲಾಗಿ ಸತ್ತಿದ್ದರೆ ಟ್ರೇ, ಹಾಸು, ಮೊಟ್ಟೆ ಇಡಿಸಿದ ಕೊಕೊಪೀಟ್ ಯಾವುದನ್ನೂ ಉಳಿಸಬೇಡಿ. ಮೀಲ್‌ವರ್ಮ್ ಹಾಸನ್ನು ಜೀರುಂಡೆಗೆ, ಜೀರುಂಡೆಯದನ್ನು ಮೀಲ್‌ವರ್ಮ್‌ಗೆ ದಾಟಿಸುವುದೂ ಬೇಡ. ಕೋಳಿಫಾರ್ಮಿನ ಹಾಸಿನಲ್ಲಿ ಮೀಲ್‌ವರ್ಮ್ ಹೋಲುವ ಚಿಕ್ಕ ಹುಳು ರಾಶಿ ರಾಶಿ ಸಿಗುತ್ತದೆ, ತಂದು ಬಿಡಬಹುದಾ ಎಂದು ಕೇಳುವವರಿದ್ದಾರೆ. ಅದು ಬೇರೆ ಜಾತಿ, ಆಲ್ಫಿಟೋಬಿಯಸ್. ಸಾಲ್ಮೊನೆಲ್ಲಾದಂಥ ಕೋಳಿಗಳ ರೋಗಾಣುಗಳನ್ನು ಹೊತ್ತು ತಿರುಗುತ್ತದೆ. ಅದನ್ನೂ ತರಬೇಡಿ, ಆ ಹಾಸನ್ನೂ ತರಬೇಡಿ.

ಮೀನಿಗೆ, ಹಕ್ಕಿಗೆ ಹಾಕುವ ಮೊದಲು

ಹುಳುವಿನ ಹೊಟ್ಟೆಯಲ್ಲಿರುವುದೇ ನಿಮ್ಮ ಮೀನಿನ ಹೊಟ್ಟೆಗೆ ಹೋಗುವುದು. ಹಳೇ ಹಾಸು ಬೆರೆಸಿದ ಡಬ್ಬದ ಹುಳುಗಳನ್ನು ತಿನ್ನಿಸುವ ಎರಡು ದಿನ ಮೊದಲು ಸೋಸಿ, ಹೊಸ ಬೂಸಾ ಮತ್ತು ಕ್ಯಾರೆಟ್ ಹಾಕಿದ ಬೇರೆ ಡಬ್ಬಕ್ಕೆ ಬಿಡಿ. ಮೀಲ್‌ವರ್ಮ್‌ನಲ್ಲಿ ಸುಣ್ಣದಂಶ (ಕ್ಯಾಲ್ಸಿಯಂ) ಮೊದಲೇ ಕಡಿಮೆ. ಮೊಟ್ಟೆ ಇಡುವ ಹಕ್ಕಿ, ಕೋಳಿಗಳಿಗೆ ಕೊಡುವವರು ಆ ಎರಡು ದಿನದ ಬೂಸಾಕ್ಕೆ ನುಣ್ಣಗೆ ಪುಡಿಮಾಡಿದ ಮೊಟ್ಟೆಚಿಪ್ಪು ಒಂದು ಚಮಚ ಬೆರೆಸಬಹುದು. ಚಿಪ್ಪನ್ನು ಮೊದಲು ಹತ್ತು ನಿಮಿಷ ಕುದಿಸಿ, ಒಣಗಿಸಿಕೊಳ್ಳಿ. ಎರಡು ದಿನ ಕಳೆದ ಮೇಲೆ ಆ ಡಬ್ಬದಲ್ಲಿ ಉಳಿದ ಬೂಸಾ ಹೆಚ್ಚುಕಡಿಮೆ ಹೊಸದೇ, ಅದನ್ನು ಬೆಳೆದ ಹುಳುಗಳ ಡಬ್ಬಕ್ಕೆ ನೇರವಾಗಿ ಸುರಿಯಿರಿ.